ಕಾಲು ಮೈಲಿಯ ಓಟದಲ್ಲಿ ಹೆಣ್ಣುಮಕ್ಕಳು

ಮಕ್ಕಳಿರುವ ಮನೆಯಲ್ಲಿ ಹಾಟ್ ವೀಲ್ಸ್ ಕಾರು ಇಲ್ಲದಿರುವುದು ಅಪರೂಪ. ಕಸ ಗುಡಿಸುವಾಗ ಸೋಫಾದ ಕೆಳಗಿನಿಂದ ಒಂದಾದರೂ ಹೊರಗೆ ಬರುತ್ತದೆ. ಬಾರ್ಬಿ ಗೊಂಬೆಯನ್ನು ತಯಾರಿಸುವ ಮ್ಯಾಟೆಲ್ ಕಂಪನಿಯೇ 1968ರಲ್ಲಿ ಈ ಪುಟ್ಟ ಕಾರುಗಳನ್ನು ಮಾರುಕಟ್ಟೆಗೆ ತಂದಿತು. ಎರಡು ವರ್ಷಗಳ ನಂತರ, 1970ರಲ್ಲಿ, ಅದೇ ಆಟಿಕೆಯ ಹೆಸರು ಬರೆಸಿಕೊಂಡ ಎರಡು ನಿಜವಾದ ಕಾರುಗಳು ಅಮೆರಿಕದ ರೇಸ್ ಟ್ರ್ಯಾಕ್‌ಗಳಲ್ಲಿ ಓಡತೊಡಗಿದವು. ಒಂದನ್ನು ಓಡಿಸುತ್ತಿದ್ದವರು ‘ಹಾವು’ ಎಂಬ ಅಡ್ಡಹೆಸರಿನ ಡಾನ್ ಪ್ರುಡೋಮ್, ಇನ್ನೊಂದನ್ನು ‘ಮುಂಗುಸಿ’ ಟಾಮ್ ಮೆಕ್ಯುವೆನ್. ಕಂಪನಿಯ ಜೊತೆ ಈ ಒಪ್ಪಂದ ಕುದುರಿಸಿದವರು ಮೆಕ್ಯುವೆನ್. ಅವರ ತಾಯಿ ಮ್ಯಾಟೆಲ್‌ನಲ್ಲೇ ಕೆಲಸದಲ್ಲಿದ್ದರು!

ಹಾವು ಮುಂಗುಸಿಯ ಜಗಳ ನಮಗೆ ಹೊಸದಲ್ಲ. ಆದರೆ ಈ ಇಬ್ಬರೂ ಆಡುತ್ತಿದ್ದ ಡ್ರ್ಯಾಗ್ ರೇಸಿಂಗ್ ಎಂಬ ಆಟ ನಮ್ಮಲ್ಲಿ ಅನೇಕರಿಗೆ ಅಪರಿಚಿತ. ಅದರ ಚರಿತ್ರೆಯನ್ನು ಓದುತ್ತಾ ಹೋದಾಗ ಒಂದು ಸಂಗತಿ ನನ್ನನ್ನು ಹಿಡಿದು ನಿಲ್ಲಿಸಿತು. ಟೆನಿಸ್, ಕ್ರಿಕೆಟ್, ಓಟ, ಈಜು ಎಲ್ಲದರಲ್ಲೂ ಗಂಡಸರಿಗೊಂದು, ಹೆಂಗಸರಿಗೊಂದು ವಿಭಾಗವಿದೆ. ಡ್ರ್ಯಾಗ್ ರೇಸಿಂಗ್‌ನಲ್ಲಿ ಇಲ್ಲ. ಇಬ್ಬರೂ ಒಂದೇ ಗೆರೆಯಲ್ಲಿ ನಿಲ್ಲುತ್ತಾರೆ, ಒಂದೇ ದೀಪ ನೋಡಿ ಹೊರಡುತ್ತಾರೆ. ಆದರೆ ಆ ಗೆರೆಯವರೆಗೆ ಬಂದು ನಿಲ್ಲಲು ಹೆಣ್ಣುಮಕ್ಕಳು ಪಟ್ಟ ಪಾಡು ಕಾಲು ಮೈಲಿಯದಲ್ಲ.

ಆಟ ಹೇಗಿರುತ್ತದೆ?

ನಿಯಮ ಬಹಳ ಸರಳ. ನೇರವಾದ ಹಾದಿ, ಅಕ್ಕಪಕ್ಕ ಎರಡು ವಾಹನ. ದೂರ ಕಾಲು ಮೈಲಿ, ಅಂದರೆ 1,320 ಅಡಿ, ಸುಮಾರು 402 ಮೀಟರ್. ಇಬ್ಬರ ನಡುವೆ ಒಂದು ದೀಪದ ಕಂಬ. ಬಣ್ಣಬಣ್ಣದ ದೀಪಗಳಿರುವುದರಿಂದ ಅದಕ್ಕೆ ‘ಕ್ರಿಸ್‌ಮಸ್ ಟ್ರೀ’ ಎಂದೇ ಹೆಸರು. 1963ರಲ್ಲಿ ಇದು ಬಳಕೆಗೆ ಬಂತು. ಅದಕ್ಕೂ ಮೊದಲು ಒಬ್ಬ ವ್ಯಕ್ತಿ ಎದುರಿಗೆ ನಿಂತು ಬಾವುಟ ಬೀಸುತ್ತಿದ್ದ. ಹಸಿರು ದೀಪಕ್ಕೆ ಮೊದಲೇ ಹೊರಟರೆ ಕೆಂಪು ದೀಪ ಹತ್ತುತ್ತದೆ, ಓಟ ಅಲ್ಲಿಗೇ ಮುಗಿಯಿತು. ಸೋತವರು ಮನೆಗೆ, ಗೆದ್ದವರು ಮುಂದಿನ ಸುತ್ತಿಗೆ. ಇವುಗಳಲ್ಲಿ ಅತಿ ವೇಗದ ವರ್ಗ ‘ಟಾಪ್ ಫ್ಯೂಯಲ್’. ಉದ್ದನೆಯ, ಕಡ್ಡಿಯಂಥ ಕಾರು. ಅದಕ್ಕೆ ಪೆಟ್ರೋಲ್ ಬದಲು ನೈಟ್ರೋಮೀಥೇನ್ ಎಂಬ ಇಂಧನ. ಇಂದು ಈ ಕಾರುಗಳು ನಾಲ್ಕು ಸೆಕೆಂಡಿನೊಳಗೆ ಓಟ ಮುಗಿಸುತ್ತವೆ. ನಿಲ್ಲಿಸಲು ಬ್ರೇಕ್ ಸಾಲದು, ಹಿಂದಿನಿಂದ ಪ್ಯಾರಾಚೂಟ್ ಬಿಚ್ಚಿಕೊಳ್ಳಬೇಕು.

ಬೀದಿಯಿಂದ ರನ್‌ವೇಗೆ

ಈ ಆಟದ ತವರು ದಕ್ಷಿಣ ಕ್ಯಾಲಿಫೋರ್ನಿಯಾ. 1930ರ ದಶಕದಲ್ಲಿ ಅಲ್ಲಿನ ಹುಡುಗರು ಹಳೆಯ ಕಾರುಗಳನ್ನು ಬಿಚ್ಚಿ, ಜೋಡಿಸಿ, ಊರಾಚೆಯ ಒಣಗಿದ ಕೆರೆಯಂಗಳಗಳಲ್ಲಿ ಓಡಿಸಿ ವೇಗ ಅಳೆಯುತ್ತಿದ್ದರು. ಎರಡನೇ ಮಹಾಯುದ್ಧ ಮುಗಿದು ಯುವಕರು ಮನೆಗೆ ಮರಳಿದ ಮೇಲೆ ಈ ಹುಚ್ಚು ಹೆಚ್ಚಿತು. ಕೆರೆಯಂಗಳ ಸಾಲದೆ ಊರಿನ ಬೀದಿಗಳಲ್ಲೇ ಪಂದ್ಯ ನಡೆಯತೊಡಗಿತು. ಅಪಘಾತಗಳಾದವು, ಪತ್ರಿಕೆಗಳು ಛೀಮಾರಿ ಹಾಕಿದವು, ಪೊಲೀಸರು ಬೆನ್ನು ಹತ್ತಿದರು.

ಆಗ ಕೆಲವು ಹಿರಿಯರು ವಿವೇಕದ ದಾರಿ ಹಿಡಿದರು. ಹುಡುಗರನ್ನು ಬೈದು ಪ್ರಯೋಜನವಿಲ್ಲ, ಅವರಿಗೊಂದು ಜಾಗ ಕೊಡಬೇಕು ಎಂದುಕೊಂಡರು. 1950ರಲ್ಲಿ ಸಿ.ಜೆ. ಹಾರ್ಟ್ ಎಂಬವರು ಸಾಂಟಾ ಅನಾ ವಿಮಾನ ನಿಲ್ದಾಣದ ರನ್‌ವೇ ಮೇಲೆ ಕ್ರಮಬದ್ಧವಾಗಿ ಡ್ರ್ಯಾಗ್ ರೇಸ್ ಆರಂಭಿಸಿದರು. ಎಲ್ಲರೂ ಪ್ರೀತಿಯಿಂದ ‘ಪ್ಯಾಪಿ’ ಎಂದು ಕರೆಯುತ್ತಿದ್ದ ಅವರ ಜೊತೆ ದುಡಿದವರು ಪತ್ನಿ ಪೆಗಿ ಹಾರ್ಟ್. ಪೆಗಿ ಬರೀ ಲೆಕ್ಕಪತ್ರ ನೋಡುತ್ತಾ ಕೂರಲಿಲ್ಲ, ತಾವೂ ಕಾರು ಓಡಿಸಿ ಗಂಡಸರನ್ನು ಸೋಲಿಸುತ್ತಿದ್ದರು. ಹೀಗೆ ಮೊದಲ ದಿನಗಳಿಂದಲೂ ಈ ಹಾದಿಯಲ್ಲಿ ಹೆಣ್ಣಿನ ಹೆಜ್ಜೆ ಇದ್ದೇ ಇತ್ತು.

1951ರಲ್ಲಿ ‘ಹಾಟ್ ರಾಡ್’ ಪತ್ರಿಕೆಯ ಸಂಪಾದಕ ವಾಲಿ ಪಾರ್ಕ್ಸ್ ಅವರು ನ್ಯಾಷನಲ್ ಹಾಟ್ ರಾಡ್ ಅಸೋಸಿಯೇಷನ್ ಕಟ್ಟಿದರು. ಅದರ ಮೊದಲ ಅಧಿಕೃತ ಸ್ಪರ್ಧೆ 1953ರಲ್ಲಿ ಪೊಮೋನಾ ಊರಿನ ಜಾತ್ರೆ ಮೈದಾನದ ಪಾರ್ಕಿಂಗ್ ಜಾಗದಲ್ಲಿ ನಡೆಯಿತು. ಅದಕ್ಕೆ ಬೆಂಬಲವಾಗಿ ನಿಂತವರು ಅಲ್ಲಿನ ಪೊಲೀಸರೇ! ಮರುವರ್ಷ ಸಂಘದ ನಾಲ್ಕು ಮಂದಿ ಒಂದು ವ್ಯಾನು, ಒಂದು ಟ್ರೇಲರ್ ಕಟ್ಟಿಕೊಂಡು ಊರೂರು ಸುತ್ತಿ, ಸುರಕ್ಷಿತವಾಗಿ ಪಂದ್ಯ ನಡೆಸುವುದು ಹೇಗೆಂದು ಕಲಿಸಿದರು. ಅವರಲ್ಲೊಬ್ಬರು ಪೊಮೋನಾದ ಪೊಲೀಸ್ ಸಾರ್ಜೆಂಟ್. 1955ರಲ್ಲಿ ಕ್ಯಾನ್ಸಸ್ ರಾಜ್ಯದ ಗ್ರೇಟ್ ಬೆಂಡ್‌ನಲ್ಲಿ ಮೊದಲ ರಾಷ್ಟ್ರೀಯ ಸ್ಪರ್ಧೆ ನಡೆಯಿತು.

ನೋವಿನಿಂದ ಕಲಿತ ಪಾಠ

ಈ ಆಟದ ಭೀಷ್ಮನೆಂದರೆ ಫ್ಲಾರಿಡಾದ ಡಾನ್ ಗಾರ್ಲಿಟ್ಸ್. ‘ಬಿಗ್ ಡ್ಯಾಡಿ’ ಎಂದೇ ಪ್ರಸಿದ್ಧರು. ತಾವೇ ಕಟ್ಟಿದ ಕಾರುಗಳಿಗೆ ‘ಸ್ವಾಂಪ್ ರ‍್ಯಾಟ್’, ಅಂದರೆ ಜೌಗುನೆಲದ ಇಲಿ ಎಂದು ಹೆಸರಿಟ್ಟಿದ್ದರು. ಆಗಿನ ಕಾರುಗಳಲ್ಲಿ ಇಂಜಿನ್ ಮುಂದೆ, ಚಾಲಕ ಅದರ ಹಿಂದೆ. 1970ರ ಮಾರ್ಚ್‌ನಲ್ಲಿ ಕ್ಯಾಲಿಫೋರ್ನಿಯಾದ ಲಯನ್ಸ್ ಟ್ರ್ಯಾಕ್‌ನಲ್ಲಿ ಗೇರುಪೆಟ್ಟಿಗೆ ಸಿಡಿದು ಅವರ ಬಲಪಾದದ ಒಂದು ಭಾಗವೇ ಕತ್ತರಿಸಿಹೋಯಿತು. ಅವರು ಆಟ ಬಿಡಲಿಲ್ಲ. ಇಂಜಿನ್ ಅನ್ನು ಬೆನ್ನ ಹಿಂದಕ್ಕೆ ಸರಿಸಿ ಹೊಸ ಕಾರು ಕಟ್ಟಿದರು, 1971ರ ಆರಂಭದಲ್ಲೇ ಪೊಮೋನಾದಲ್ಲಿ ಅದರಲ್ಲಿ ಗೆದ್ದರು. ಕೆಲವೇ ವರ್ಷಗಳಲ್ಲಿ ಟಾಪ್ ಫ್ಯೂಯಲ್ ಕಾರುಗಳೆಲ್ಲ ಹಾಗೇ ಆದವು. ಎಷ್ಟೋ ಚಾಲಕರ ಜೀವ ಉಳಿಯಿತು.

ಮೇಲೆ ಹೇಳಿದ ‘ಮುಂಗುಸಿ’ ಮೆಕ್ಯುವೆನ್ ಅವರ ಬದುಕಿನಲ್ಲೂ ಒಂದು ಮರೆಯಲಾಗದ ದಿನವಿದೆ. 1978ರಲ್ಲಿ ಅವರ ಮಗ ಜೇಮಿ ರಕ್ತದ ಕ್ಯಾನ್ಸರ್‌ನಿಂದ ತೀರಿಕೊಂಡ. ಅದಾದ ಕೆಲವೇ ದಿನಗಳಲ್ಲಿ ಇಂಡಿಯಾನಾಪೊಲಿಸ್‌ನ ಅತಿ ದೊಡ್ಡ ಸ್ಪರ್ಧೆ. ಫೈನಲ್‌ನಲ್ಲಿ ಎದುರಾಳಿ ಹಳೆಯ ಜೊತೆಗಾರ ‘ಹಾವು’ ಪ್ರುಡೋಮ್. ಅಂದು ಮೆಕ್ಯುವೆನ್ ಗೆದ್ದರು. ಗೆದ್ದ ತಂದೆಯ ಕಣ್ಣಲ್ಲಿ ಯಾವ ನೀರಿತ್ತೆಂದು ಹೆತ್ತವರಿಗೆ ಬಿಡಿಸಿ ಹೇಳಬೇಕಾಗಿಲ್ಲ.

ಪರವಾನಗಿ ಎಂಬ ಬಾಗಿಲು

1960ರ ದಶಕದಲ್ಲಿ ಹೆಣ್ಣುಮಕ್ಕಳು ಒಬ್ಬೊಬ್ಬರಾಗಿ ಈ ಬಾಗಿಲು ತಟ್ಟಿದರು. 1964ರಲ್ಲಿ ಓಹಾಯೋದ ಬಾರ್ಬರಾ ಹ್ಯಾಮಿಲ್ಟನ್ ಅವರಿಗೆ ಸೂಪರ್‌ಚಾರ್ಜರ್ ಅಳವಡಿಸಿದ ಕಾರು ಓಡಿಸಲು ಪರವಾನಗಿ ಸಿಕ್ಕಿತು. 1966ರಲ್ಲಿ ಶರ್ಲಿ ಶಹಾನ್ ಪೊಮೋನಾದ ರಾಷ್ಟ್ರೀಯ ಸ್ಪರ್ಧೆಯಲ್ಲಿ ‘ಟಾಪ್ ಸ್ಟಾಕ್’ ವಿಭಾಗ ಗೆದ್ದು, ರಾಷ್ಟ್ರಮಟ್ಟದಲ್ಲಿ ಗೆದ್ದ ಮೊದಲ ಮಹಿಳೆಯಾದರು. ಆದರೆ ಅತಿ ವೇಗದ ಟಾಪ್ ಫ್ಯೂಯಲ್ ವರ್ಗ ಮಾತ್ರ ಗಂಡಸರದ್ದೇ ಎಂಬ ಭಾವನೆ ಗಟ್ಟಿಯಾಗಿ ಉಳಿದಿತ್ತು.

ಅದನ್ನು ಮುರಿದವರು ಶರ್ಲಿ ಮಲ್ಡೌನಿ. 1940ರಲ್ಲಿ ಹುಟ್ಟಿ, ನ್ಯೂಯಾರ್ಕ್ ರಾಜ್ಯದ ಸ್ಕೆನೆಕ್ಟಡಿ ಊರಿನಲ್ಲಿ ಬೆಳೆದವರು. ಓದು ಅರ್ಧಕ್ಕೇ ನಿಂತಿತು, ಹದಿನಾರಕ್ಕೇ ಮದುವೆಯಾಯಿತು, ಮಗ ಜಾನ್ ಹುಟ್ಟಿದ. ಗಂಡ ಜ್ಯಾಕ್ ಮೆಕ್ಯಾನಿಕ್. ಊರಿನ ಬೀದಿಗಳಲ್ಲಿ ರಾತ್ರಿ ಕಾರು ಓಡಿಸಿ ಹುಡುಗರನ್ನು ಸೋಲಿಸುತ್ತಿದ್ದ ಹೆಂಡತಿಗೆ ರೇಸಿನ ಕಾರು ಸಿದ್ಧಪಡಿಸಿಕೊಟ್ಟವರು ಅವರೇ. 1965ರಲ್ಲಿ ಪೆಟ್ರೋಲ್ ಡ್ರ್ಯಾಗ್‌ಸ್ಟರ್ ಓಡಿಸಲು ಶರ್ಲಿ ಅವರಿಗೆ ಪರವಾನಗಿ ಸಿಕ್ಕಿತು. ಮುಂದೆ ದಂಪತಿಗಳ ದಾರಿ ಬೇರೆಯಾದರೂ ಶರ್ಲಿ ರೇಸ್ ಬಿಡಲಿಲ್ಲ. ‘ಫನ್ನಿ ಕಾರ್’ ಎಂಬ ವರ್ಗದಲ್ಲಿ ಓಡಿಸಿದರು. ಅದರಲ್ಲಿ ಇಂಜಿನ್ ಚಾಲಕರ ಮುಂದೆಯೇ ಇರುವುದರಿಂದ ಬೆಂಕಿಯ ಭಯ ಹೆಚ್ಚು. ಅವರೂ ಬೆಂಕಿಯಲ್ಲಿ ಸುಟ್ಟುಕೊಂಡವರೇ.

1973ರಲ್ಲಿ ಅವರು ಟಾಪ್ ಫ್ಯೂಯಲ್ ಪರವಾನಗಿಗೆ ಪ್ರಯತ್ನಿಸಿದರು. ಹೊಸಬರು ಓಡಿಸುವುದನ್ನು ಕಣ್ಣಾರೆ ಕಂಡ ಅನುಭವಿ ಚಾಲಕರು ‘ಇವರಿಗೆ ಬರುತ್ತದೆ’ ಎಂದು ಸಹಿ ಹಾಕಬೇಕೆಂಬುದು ಅಲ್ಲಿನ ನಿಯಮ. ಶರ್ಲಿ ಅವರ ಕಾಗದಕ್ಕೆ ಸಹಿ ಹಾಕಿದವರು ಡಾನ್ ಗಾರ್ಲಿಟ್ಸ್, ಟಾಮಿ ಐವೋ, ಕಾನಿ ಕಲಿಟ್ಟಾ. ಮೂವರೂ ಗಂಡಸರು, ಮೂವರೂ ನಾಳೆ ಅವರ ಎದುರು ಓಡಬೇಕಾದವರು. ಅಡ್ಡಗಾಲು ಹಾಕಿದವರ ಕತೆಗಳನ್ನು ನಾವು ಬೇಕಾದಷ್ಟು ಕೇಳಿದ್ದೇವೆ. ಸಹಿ ಹಾಕಿದವರನ್ನೂ ನೆನೆಯುವುದು ನ್ಯಾಯ.

ಆ ಮೇಲಿನದೆಲ್ಲ ಶರ್ಲಿ ಅವರ ಸ್ವಂತ ಸಂಪಾದನೆ. 1976ರಲ್ಲಿ ಓಹಾಯೋದ ಕೊಲಂಬಸ್‌ನಲ್ಲಿ ಟಾಪ್ ಫ್ಯೂಯಲ್ ಗೆದ್ದರು. 1977ರಲ್ಲಿ ರಾಷ್ಟ್ರೀಯ ಚಾಂಪಿಯನ್ ಆದರು. 1980ರಲ್ಲಿ ಮತ್ತೆ, 1982ರಲ್ಲಿ ಮತ್ತೆ. ಟಾಪ್ ಫ್ಯೂಯಲ್‌ನಲ್ಲಿ ಈ ಪಟ್ಟವನ್ನು ಮೂರು ಬಾರಿ ಪಡೆದ ಮೊದಲಿಗರು ಅವರೇ. ಮೊದಲ ಮಹಿಳೆಯಷ್ಟೇ ಅಲ್ಲ, ಗಂಡಸರನ್ನೂ ಸೇರಿಸಿ ಮೊದಲ ವ್ಯಕ್ತಿ. 1982ರ ಕೊಲಂಬಸ್ ಫೈನಲ್‌ನಲ್ಲಿ ಅವರ ಎದುರಿಗಿದ್ದವರು ಲುಸಿಲ್ ಲೀ. ಇಬ್ಬರೂ ಮಹಿಳೆಯರೇ ಇದ್ದ ಮೊದಲ ಟಾಪ್ ಫ್ಯೂಯಲ್ ಫೈನಲ್ ಅದು. ಅದೇ ವರ್ಷ ಇಂಡಿಯಾನಾಪೊಲಿಸ್ ಫೈನಲ್‌ನಲ್ಲಿ ಕಾನಿ ಕಲಿಟ್ಟಾ ಅವರನ್ನು, ಅಂದರೆ ಸಹಿ ಹಾಕಿದವರಲ್ಲೊಬ್ಬರನ್ನು, ಒಂದು ಕಾಲದಲ್ಲಿ ತಮ್ಮ ತಂಡದ ಮುಖ್ಯಸ್ಥರಾಗಿದ್ದವರನ್ನು, ಸೋಲಿಸಿದರು. ಅವರ ಕಾರು ಗುಲಾಬಿ ಬಣ್ಣದ್ದು. ನಗುವವರು ನಗಲಿ ಎಂದು ಆ ಬಣ್ಣವನ್ನೇ ತಮ್ಮ ಗುರುತು ಮಾಡಿಕೊಂಡರು. 1983ರಲ್ಲಿ ಅವರ ಬದುಕನ್ನು ಆಧರಿಸಿ ‘ಹಾರ್ಟ್ ಲೈಕ್ ಎ ವೀಲ್’ ಎಂಬ ಚಲನಚಿತ್ರ ಬಂತು.

ಮರುವರ್ಷ, 1984ರ ಜೂನ್‌ನಲ್ಲಿ, ಕೆನಡಾದ ಮಾಂಟ್ರಿಯಲ್ ಬಳಿ ಗಂಟೆಗೆ 380 ಕಿ.ಮೀ.ಗೂ ಮೀರಿದ ವೇಗದಲ್ಲಿ ಮುಂದಿನ ಚಕ್ರದ ಟ್ಯೂಬ್ ಕೈಕೊಟ್ಟು ಕಾರು ಛಿದ್ರವಾಯಿತು. ಕಾಲುಗಳು ನುಜ್ಜುಗುಜ್ಜಾದವು, ಸೊಂಟದ ಮೂಳೆ ಮುರಿಯಿತು. ಶಸ್ತ್ರಚಿಕಿತ್ಸೆಗಳ ಮೇಲೆ ಶಸ್ತ್ರಚಿಕಿತ್ಸೆ. ನಡೆಯುವುದನ್ನೇ ಮೊದಲಿನಿಂದ ಕಲಿಯಬೇಕಾಯಿತು. ಆದರೂ 1986ರಲ್ಲಿ ಮತ್ತೆ ಕಾರು ಹತ್ತಿದರು, 1989ರಲ್ಲಿ ಮತ್ತೆ ರಾಷ್ಟ್ರೀಯ ಸ್ಪರ್ಧೆ ಗೆದ್ದರು. ಕೊನೆಯ ಓಟ ಓಡಿ ಹೆಲ್ಮೆಟ್ ಕಳಚಿದ್ದು 2003ರಲ್ಲಿ, ಅರವತ್ತಮೂರನೆಯ ವಯಸ್ಸಿನಲ್ಲಿ.

ನಂತರ ಬಂದವರು

ದಾದಿಯಾಗಿದ್ದ ಲೂಯಿಸಿಯಾನಾದ ಆಂಜೆಲ್ ಸ್ಯಾಂಪಿ 2000, 2001, 2002 ಸತತ ಮೂರು ವರ್ಷ ಮೋಟಾರ್‌ಸೈಕಲ್ ವಿಭಾಗದ ಚಾಂಪಿಯನ್ ಆದರು. ಎಂಟನೆಯ ವಯಸ್ಸಿಗೇ ಮಕ್ಕಳ ಪುಟ್ಟ ಡ್ರ್ಯಾಗ್‌ಸ್ಟರ್ ಹತ್ತಿದ ಎರಿಕಾ ಎಂಡರ್ಸ್ ‘ಪ್ರೋ ಸ್ಟಾಕ್’ ವಿಭಾಗದಲ್ಲಿ 2014ರಿಂದ 2023ರೊಳಗೆ ಆರು ಬಾರಿ ಚಾಂಪಿಯನ್. 2008ರಲ್ಲಿ ಅಟ್ಲಾಂಟಾದಲ್ಲಿ ಆಶ್ಲಿ ಫೋರ್ಸ್ ಫನ್ನಿ ಕಾರ್ ವಿಭಾಗ ಗೆದ್ದ ಮೊದಲ ಮಹಿಳೆಯಾದರು. ಫೈನಲ್‌ನಲ್ಲಿ ಸೋತವರು ಆಕೆಯ ತಂದೆ, ಆ ವಿಭಾಗದ ದಿಗ್ಗಜ ಜಾನ್ ಫೋರ್ಸ್! ಮಗಳ ಕೈಯಲ್ಲಿ ಸೋಲುವುದಕ್ಕಿಂತ ಹೆಚ್ಚಿನ ಗೆಲುವು ತಂದೆಗೆ ಇನ್ನೇನಿದ್ದೀತು?

ಅದೇ ವರ್ಷ ಇದೇ ಆಟ ಇನ್ನೊಬ್ಬ ತಂದೆಯ ಮಗನನ್ನು ಕಿತ್ತುಕೊಂಡಿತು. ಕಾನಿ ಕಲಿಟ್ಟಾ ಅವರ ಮಗ ಸ್ಕಾಟ್ ನ್ಯೂಜೆರ್ಸಿಯಲ್ಲಿ ಅಪಘಾತದಲ್ಲಿ ತೀರಿಕೊಂಡರು. ಅದರ ನಂತರ ಅತಿ ವೇಗದ ಎರಡು ವರ್ಗಗಳ ಓಟವನ್ನು 1,000 ಅಡಿಗೆ ಇಳಿಸಲಾಯಿತು.

2017ರಲ್ಲಿ ಆಶ್ಲಿ ಅವರ ತಂಗಿ ಬ್ರಿಟನಿ ಫೋರ್ಸ್ ಟಾಪ್ ಫ್ಯೂಯಲ್ ಚಾಂಪಿಯನ್ ಆದರು. 2022ರಲ್ಲಿ ಎರಡನೇ ಬಾರಿ. ಆ ವರ್ಷ ಅವರ ಕಾರು ಗಂಟೆಗೆ 338 ಮೈಲಿ, ಅಂದರೆ ಸುಮಾರು 544 ಕಿ.ಮೀ. ವೇಗ ಮುಟ್ಟಿತು. ಶರ್ಲಿ ಅವರ ಕೊನೆಯ ಪಟ್ಟ 1982ರದು. ನಡುವೆ ಕಳೆದದ್ದು ಮೂವತ್ತೈದು ವರ್ಷ! ಒಬ್ಬಾಕೆ ಬಾಗಿಲು ತೆರೆದ ಮಾತ್ರಕ್ಕೆ ಎಲ್ಲರೂ ಒಳಗೆ ಬಂದಂತಾಗುವುದಿಲ್ಲ. ಈ ಆಟಕ್ಕೆ ಹಣ ಬೇಕು, ಪ್ರಾಯೋಜಕರು ಬೇಕು, ಗ್ಯಾರೇಜಿನಲ್ಲಿ ನಿಂತು ಕಲಿಯುವ ಅವಕಾಶ ಬೇಕು. ಫೋರ್ಸ್ ಸೋದರಿಯರಿಗೆ ಅದು ತಂದೆಯ ಮನೆಯಲ್ಲೇ ಸಿಕ್ಕಿತು. ಎಲ್ಲ ಹೆಣ್ಣುಮಕ್ಕಳಿಗೂ ಅಂಥ ಮನೆ ಇರುವುದಿಲ್ಲ.

ನಮ್ಮಲ್ಲಿ

ನಮ್ಮ ದೇಶದಲ್ಲೂ ಈಗ ಈ ಆಟವಿದೆ. ಪುಣೆಯಿಂದ ಹೆಚ್ಚು ದೂರವಿಲ್ಲದ ಆಂಬಿ ವ್ಯಾಲಿಯ ರನ್‌ವೇ ಮೇಲೆ ‘ವ್ಯಾಲಿ ರನ್’ ನಡೆದಿದೆ. ಚೆನ್ನೈ ಬಳಿಯ ಟ್ರ್ಯಾಕ್‌ನಲ್ಲಿ ರಾಷ್ಟ್ರೀಯ ಮಟ್ಟದ ಡ್ರ್ಯಾಗ್ ರೇಸ್‌ಗಳು ನಡೆದಿವೆ. ಬೈಕ್ ವಿಭಾಗದಲ್ಲಿ ಹಲವು ಬಾರಿ ರಾಷ್ಟ್ರೀಯ ಚಾಂಪಿಯನ್ ಆದ ಹೇಮಂತ್ ಮುದ್ದಪ್ಪ ನಮ್ಮ ಬೆಂಗಳೂರಿನವರು ಎಂಬುದು ಕನ್ನಡಿಗರಿಗೆ ಹೆಮ್ಮೆ. ಹಾಗೆಯೇ ರಾತ್ರಿ ಹೊತ್ತು ನಗರದ ರಸ್ತೆಗಳಲ್ಲಿ ಪಂದ್ಯ ಕಟ್ಟಿ ಬೈಕ್ ಓಡಿಸಿ ಜೀವ ಕಳೆದುಕೊಳ್ಳುವ ಮಕ್ಕಳೂ ನಮ್ಮಲ್ಲಿದ್ದಾರೆ. ಎಪ್ಪತ್ತು ವರ್ಷಗಳ ಹಿಂದೆ ಪೊಮೋನಾದ ಪೊಲೀಸರು ತೋರಿದ ವಿವೇಕ ನಮ್ಮ ಊರುಗಳಿಗೂ ಬೇಕಾಗಿದೆ.

ಇಷ್ಟಕ್ಕೂ ನಾವ್ಯಾರೂ ನಾಳೆ ಡ್ರ್ಯಾಗ್‌ಸ್ಟರ್ ಹತ್ತುವವರಲ್ಲ. ಆದರೆ ಸಹಿ ಹಾಕುವ ಸ್ಥಾನದಲ್ಲಿ ನಾವೆಲ್ಲರೂ ಒಂದಲ್ಲ ಒಂದು ದಿನ ಇರುತ್ತೇವೆ. ಸೊಸೆ ಕಾರು ಕಲಿಯುತ್ತೇನೆಂದಾಗ, ಮಗಳು ಮೆಕ್ಯಾನಿಕಲ್ ಇಂಜಿನಿಯರಿಂಗ್ ಓದುತ್ತೇನೆಂದಾಗ, ಐವತ್ತು ದಾಟಿದ ಗೆಳತಿ ಸ್ಕೂಟರ್ ಕೊಳ್ಳುತ್ತೇನೆಂದಾಗ ‘ನಿನಗೆ ಬರುತ್ತದೆ’ ಎನ್ನುವ ಒಂದು ಮಾತು ಸಾಕು. ಮುಂದಿನ ಬಾರಿ ಸೋಫಾದ ಕೆಳಗೆ ಹಾಟ್ ವೀಲ್ಸ್ ಕಾರು ಸಿಕ್ಕರೆ, ಒರೆಸಿ, ಮೊಮ್ಮಗಳ ಕೈಗೂ ಕೊಡೋಣ.