ಸಯಾಮಿಗೆ ಹೋದ ಸೋದರಮಾವ

ಚೆನ್ನೈನ ನಮ್ಮ ಅಪಾರ್ಟ್‌ಮೆಂಟಿನಲ್ಲಿ ಎದುರು ಮನೆಯವರು ತಮಿಳರು. ಇಪ್ಪತ್ತು ವರ್ಷ ದಾಟಿದ ಒಡನಾಟ. ಯುಗಾದಿಗೆ ನಮ್ಮನೆ ಒಬ್ಬಟ್ಟು ಅಲ್ಲಿಗೆ, ಪೊಂಗಲ್ಲಿಗೆ ಅವರ ಮನೆ ಸಕ್ಕರೆ ಪೊಂಗಲ್ ಇಲ್ಲಿಗೆ. ಆ ಮನೆಯ ಹಿರಿಯರಿಗೆ ಈಗ ಎಪ್ಪತ್ತಾರು. ನಾನು ಅವರನ್ನು 'ಸಾರ್' ಅಂತೀನಿ, ಅವರೂ ನನ್ನನ್ನು 'ಸಾರ್' ಅಂತಾರೆ. ಅಷ್ಟು ವರ್ಷದಲ್ಲಿ ಒಮ್ಮೆಯೂ ಹೇಳದ ಮಾತೊಂದನ್ನು ಅವರು ನನಗೆ ಹೇಳಿದ್ದು ಬ್ಯಾಂಕಾಕಿನ ಒಂದು ಹೋಟೆಲಿನ ಜಗಲಿಯಲ್ಲಿ.

2024ರ ಆಗಸ್ಟಿನಲ್ಲಿ ಎರಡೂ ಮನೆಯ ಮಕ್ಕಳು ಸೇರಿ ನಾವು ನಾಲ್ಕೂ ಜನ ಮುದುಕರನ್ನು ಥಾಯ್ಲೆಂಡಿಗೆ ಕಳಿಸಿದ್ದರು. ಹೋಟೆಲಿನಲ್ಲಿ ಒಂದು ದಿನದ ಪ್ರವಾಸಗಳ ಚೀಟಿಗಳನ್ನು ಜೋಡಿಸಿಟ್ಟಿದ್ದರು. ಅದರಲ್ಲೊಂದು ಕಾಂಚನಬುರಿಯದು. ಕಾಂಚನಪುರಿ ಅನ್ನುವ ನಮ್ಮ ಪದವೇ ಆ ನಾಲಿಗೆಯಲ್ಲಿ ಹಾಗಾಗಿದೆ. ಬೆಳಿಗ್ಗೆ ಯುದ್ಧದ ಸ್ಮಶಾನ, ಕ್ವಾಯ್ ನದಿಯ ಸೇತುವೆ, ಮಧ್ಯಾಹ್ನ ಹೆಲ್‌ಫೈರ್ ಪಾಸ್, ಆಮೇಲೆ ಜಲಪಾತ. ಊಟ ಅವರದೇ. ಹೆಂಗಸರಿಬ್ಬರೂ ಜಲಪಾತದ ಚಿತ್ರ ನೋಡಿ, "ಇದಕ್ಕೇ ಹೋಗೋಣ ಬಿಡಿ" ಅಂದರು. ಸಾರ್ ಮಾತ್ರ ಚೀಟಿಯ ಮೇಲಿದ್ದ 'ಸಾವಿನ ರೈಲು' ಅನ್ನುವ ಇಂಗ್ಲಿಷ್ ಮಾತಿನ ಮೇಲೆ ಬೆರಳಿಟ್ಟು ಸುಮ್ಮನೆ ಕೂತರು. ಆಮೇಲೆ ಹೇಳಿದರು: "ಸಾರ್, ನಮ್ಮ ತಾಯ್‌ಮಾಮನ್ ಹೋಗಿದ್ದು ಇಲ್ಲಿಗೇ. ಸಯಾಮಿಗೆ ಅಂತ ಹೋದವರು."

ಅವರ ತಾಯಿ ಹುಟ್ಟಿದ್ದು ಮಲಯದ ಒಂದು ರಬ್ಬರ್ ತೋಟದಲ್ಲಿ. ಅವರ ಅಜ್ಜ ಕಂಗಾಣಿಯೊಬ್ಬನ ಜೊತೆ ಹಡಗು ಹತ್ತಿ ಹೋದ ಕೂಲಿ. 1943ರಲ್ಲಿ ತಾಯಿಯ ಅಣ್ಣನಿಗೆ ಹತ್ತೊಂಬತ್ತು ವರ್ಷ. ಮೂರು ತಿಂಗಳ ಕೆಲಸ, ದಿನಕ್ಕೊಂದು ಡಾಲರ್ ಅಂದರಂತೆ. ಹೋದ, ಬರಲಿಲ್ಲ. ಯುದ್ಧ ಮುಗಿದ ಮೇಲೆ ಅಜ್ಜಿ ಮಗಳನ್ನು ಕಟ್ಟಿಕೊಂಡು ಊರಿಗೆ ಮರಳಿದರು. "ನನಗೆ ಕಿವಿ ಚುಚ್ಚುವಾಗ ತಾಯ್‌ಮಾಮನ ತೊಡೆ ಬೇಕಲ್ಲ ಸಾರ್? ದೂರದ ಸಂಬಂಧದವರೊಬ್ಬರ ತೊಡೆಯ ಮೇಲೆ ಕೂರಿಸಿದರು. ಅಮ್ಮ ಅಡುಗೆಮನೆಯಲ್ಲಿ ಅಳ್ತಾ ಇದ್ದಳಂತೆ." ನಮ್ಮಲ್ಲೂ ಸೋದರಮಾವನ ತೊಡೆಯೇ ತಾನೆ. ನನಗೆ ಹೆಚ್ಚು ವಿವರಣೆ ಬೇಕಾಗಲಿಲ್ಲ.

ಮರುದಿನ ಬೆಳಿಗ್ಗೆ ಆರಕ್ಕೆ ವ್ಯಾನು ಬಂತು. ಬ್ಯಾಂಕಾಕಿನಿಂದ ಪಶ್ಚಿಮಕ್ಕೆ ಎರಡೂವರೆ ಗಂಟೆಯ ದಾರಿ, ಕಬ್ಬಿನ ಗದ್ದೆಗಳ ನಡುವೆ. ಗೈಡು ಮೂವತ್ತರ ಆಸುಪಾಸಿನ ಹೆಣ್ಣುಮಗಳು. ಮೈಕು ಹಿಡಿದು ಚರಿತ್ರೆಯನ್ನು ಚೊಕ್ಕವಾಗಿ ಹೇಳಿದಳು.

1942ರ ಫೆಬ್ರುವರಿ 15ರಂದು ಸಿಂಗಪುರ ಜಪಾನಿನ ವಶವಾಯಿತು. ಬರ್ಮಾ ಕೂಡ ಕೈಸೇರಿತು. ಅಲ್ಲಿನ ಸೈನ್ಯಕ್ಕೆ ಮದ್ದುಗುಂಡು, ಅಕ್ಕಿ ಕಳಿಸಬೇಕು. ಮಲಕ್ಕಾ ಜಲಸಂಧಿ ಸುತ್ತಿ ಹೋಗುವ ಸಮುದ್ರದ ದಾರಿಯಲ್ಲಿ ಶತ್ರುಗಳ ಸಬ್‌ಮೆರಿನ್ ಕಾಟ. ಹಾಗಾಗಿ ಥಾಯ್ಲೆಂಡಿನ ಬಾನ್ ಪೋಂಗಿನ ಕಡೆಯಿಂದ ಬರ್ಮಾದ ಥಾನ್‌ಬ್ಯೂಜಯಾತ್‌ವರೆಗೆ 415 ಕಿಲೋಮೀಟರ್ ರೈಲು ಹಾಕುವುದೆಂದು ನಿಶ್ಚಯವಾಯಿತು. ನಡುವೆ ಬೆಟ್ಟ, ಬಿದಿರಿನ ಕಾಡು, ಮಲೇರಿಯಾ. ಬ್ರಿಟಿಷರು ಹಿಂದೆ ಈ ದಾರಿಯನ್ನು ಯೋಚಿಸಿ, ಆಗದ ಕೆಲಸವೆಂದು ಕೈಬಿಟ್ಟಿದ್ದರು. ಜಪಾನಿಗಳು 1942ರ ನಡುಭಾಗದಲ್ಲಿ ಶುರುಮಾಡಿ 1943ರ ಅಕ್ಟೋಬರಿಗೆ ಎರಡೂ ತುದಿ ಕೂಡಿಸಿದರು. ಬ್ರಿಟಿಷ್, ಡಚ್, ಆಸ್ಟ್ರೇಲಿಯನ್, ಅಮೆರಿಕನ್ ಯುದ್ಧಕೈದಿಗಳು 60,000ಕ್ಕೂ ಹೆಚ್ಚು ಮಂದಿ ದುಡಿದರು; 12,000ಕ್ಕೂ ಹೆಚ್ಚು ಮಂದಿ ಸತ್ತರು.

"ಮತ್ತೆ ಏಷ್ಯಾದ ಕೂಲಿಗಳು?" ಸಾರ್ ಹಿಂದಿನ ಸೀಟಿನಿಂದ ಕೇಳಿದರು.

ಆಕೆ ಅದನ್ನೂ ಹೇಳಿದಳು. ಬರ್ಮಾ, ಮಲಯ, ಜಾವಾದಿಂದ ತಂದವರು ಸುಮಾರು ಎರಡು ಲಕ್ಷ. ಸತ್ತವರು 75 ಸಾವಿರವೆಂದು ಕೆಲವರ ಲೆಕ್ಕ, ಒಂದು ಲಕ್ಷವೆಂದು ಇನ್ನು ಕೆಲವರ ಲೆಕ್ಕ. ಮಲಯದಿಂದ ಬಂದವರಲ್ಲಿ ಬಹುಪಾಲು ತೋಟದ ತಮಿಳರು.

ನಾನು ಬದುಕೆಲ್ಲ ಲೆಕ್ಕಪತ್ರ ನೋಡಿಕೊಂಡು ಬಂದವನು. ಎರಡು ಲೆಕ್ಕಗಳ ನಡುವೆ ಇಪ್ಪತ್ತೈದು ಸಾವಿರದ ಅಂತರ! ಅಷ್ಟು ರೂಪಾಯಿ ವ್ಯತ್ಯಾಸ ಬಂದರೆ ನಮ್ಮ ಆಫೀಸಿನಲ್ಲಿ ರಾತ್ರಿಯಿಡೀ ಹುಡುಕುತ್ತಿದ್ದೆವು. ಇಲ್ಲಿ ಅವು ಮನುಷ್ಯರು.

ಊರ ನಡುವಿನ ಸ್ಮಶಾನ ತೋಟದ ಹಾಗಿದೆ. ಕತ್ತರಿಸಿದ ಹುಲ್ಲು, ಸಾಲುಸಾಲು ಕಂಚಿನ ಫಲಕ, ಪ್ರತಿ ಫಲಕದ ಪಕ್ಕ ಹೂಗಿಡ. ಸುಮಾರು ಏಳು ಸಾವಿರ ಗೋರಿಗಳು. ಹೆಸರು, ರೆಜಿಮೆಂಟು, ವಯಸ್ಸು. ಕೆಳಗೆ ಅಮ್ಮನೋ ಹೆಂಡತಿಯೋ ಬರೆಸಿದ ಒಂದು ಸಾಲು. ಇಪ್ಪತ್ತೊಂದು, ಇಪ್ಪತ್ಮೂರು, ಮೂವತ್ತು. ಈ ಗೋರಿಗಳೆಲ್ಲ ಮೊದಲು ರೈಲುದಾರಿಯ ಉದ್ದಕ್ಕೂ ಕಾಡಿನಲ್ಲಿದ್ದವು. ಕೈದಿಗಳು ಕದ್ದುಮುಚ್ಚಿ ಪಟ್ಟಿ ಬರೆದಿಟ್ಟಿದ್ದರು: ಯಾರು, ಯಾವತ್ತು, ಎಲ್ಲಿ ಹೂತದ್ದು. ಯುದ್ಧ ಮುಗಿದ ಕೂಡಲೇ, 1945ರಲ್ಲಿ, ಒಂದು ತಂಡ ಆ ಪಟ್ಟಿಗಳನ್ನು ಹಿಡಿದು ಹೊರಟು ಹತ್ತು ಸಾವಿರಕ್ಕೂ ಹೆಚ್ಚು ಗೋರಿಗಳನ್ನು ಪತ್ತೆಹಚ್ಚಿತು. ಪಟ್ಟಿ ಇದ್ದದ್ದಕ್ಕೆ ಗೋರಿ ಸಿಕ್ಕಿತು. ಗೋರಿ ಸಿಕ್ಕಿದ್ದಕ್ಕೆ ಹೂಗಿಡ ಬಂತು.

ಬಾಗಿಲ ಕಟ್ಟಡದ ಒಳಗೋಡೆಯಲ್ಲಿ ಸಾರ್ ನಿಂತುಬಿಟ್ಟಿದ್ದರು. ಅಲ್ಲಿ ಅವಿಭಜಿತ ಭಾರತದ ಸೈನ್ಯಕ್ಕೆ ಸೇರಿದ ಹನ್ನೊಂದು ಜನರ ಹೆಸರಿದೆ. ಥಾಯ್ಲೆಂಡಿನ ಮುಸ್ಲಿಂ ಸ್ಮಶಾನಗಳಲ್ಲಿ ಹೂತಿದ್ದ ಅವರ ಗೋರಿಗಳನ್ನು ಉಳಿಸಿಕೊಳ್ಳಲಾಗದೆ ಹೆಸರನ್ನು ಇಲ್ಲಿ ಕೆತ್ತಿದ್ದಾರೆ. ಸಾರ್ ಹನ್ನೊಂದನ್ನೂ ನಿಧಾನವಾಗಿ ಓದಿದರು. "ಇವರು ಸಿಪಾಯಿಗಳು, ಸಾರ್. ಮಾಮನ್ ಸಿಪಾಯಿ ಅಲ್ಲ" ಅಂದರು. ಅಷ್ಟೇ.

ಸೇತುವೆಯ ಮೇಲೆ ಜಾತ್ರೆ. ಎಳನೀರು, ಟೀ ಶರ್ಟು, ಸೆಲ್ಫಿ. ಇಲ್ಲಿ ಗೈಡು ಒಂದು ತಮಾಷೆ ಹೇಳಿದಳು. 1957ರ ಪ್ರಸಿದ್ಧ ಇಂಗ್ಲಿಷ್ ಸಿನಿಮಾ ಚಿತ್ರೀಕರಣವಾದದ್ದು ಇಲ್ಲಲ್ಲ, ಸಿಲೋನಿನಲ್ಲಿ. ಈ ಸೇತುವೆಯ ಕೆಳಗೆ ಹರಿಯುತ್ತಿದ್ದ ನದಿಯ ಹೆಸರೂ ಕ್ವಾಯ್ ಆಗಿರಲಿಲ್ಲ, ಮೇ ಕ್ಲೋಂಗ್. ಸಿನಿಮಾ ನೋಡಿ ಬಂದವರೆಲ್ಲ ಕ್ವಾಯ್ ಎಲ್ಲಿ ಅಂತ ಕೇಳತೊಡಗಿದ ಮೇಲೆ, 1960ರ ಸುಮಾರಿಗೆ, ನದಿಗೇ ಕ್ವೆ ಯಾಯ್ ಅಂತ ಹೆಸರಿಟ್ಟರು. ಪ್ರವಾಸಿಗಳು ಕೇಳಿದರೆ ನದಿಯ ಹೆಸರೇ ಬದಲಾಗುತ್ತದೆ ನೋಡಿ. ಜಾವಾದಿಂದ ತಂದ ಕಬ್ಬಿಣದ ಕಮಾನುಗಳು ಈಗಲೂ ಇವೆ. ಬಾಂಬು ಬಿದ್ದು ಹೋದ ನಡುವಿನ ಭಾಗ ಮಾತ್ರ ಚೌಕಾಕಾರ, ಯುದ್ಧಪರಿಹಾರವೆಂದು ಜಪಾನ್ ಆಮೇಲೆ ಕಟ್ಟಿಕೊಟ್ಟದ್ದು.

ಸೇತುವೆಗೆ ಸ್ವಲ್ಪ ದೂರದಲ್ಲಿ ಇನ್ನೊಂದು ಕಲ್ಲಿನ ಸ್ಮಾರಕ. ಸತ್ತವರ ನೆನಪಿಗೆ 1944ರಲ್ಲಿ ಜಪಾನಿ ಸೈನ್ಯವೇ ಕಟ್ಟಿಸಿದ್ದು. ಹಲವು ಭಾಷೆಗಳ ಫಲಕಗಳಲ್ಲಿ ತಮಿಳೂ ಒಂದು. ದುಡಿಸಿ ಕೊಂದವರೇ ಮೊದಲು ತಮಿಳಿನಲ್ಲಿ ಕಲ್ಲು ಹಾಕಿಸಿದರು. ಗೆದ್ದವರಿಗೆ, ಮನೆಗೆ ಮರಳಿದವರಿಗೆ, ಅದು ಬಹಳ ಕಾಲ ನೆನಪಾಗಲಿಲ್ಲ.

ಊಟವಾದ ಮೇಲೆ ಹೆಲ್‌ಫೈರ್ ಪಾಸ್. ಆಸ್ಟ್ರೇಲಿಯಾ ಸರ್ಕಾರ 1998ರಲ್ಲಿ ಅಲ್ಲಿ ವಸ್ತುಸಂಗ್ರಹಾಲಯ ತೆರೆಯಿತು. ಮೆಟ್ಟಿಲಿಳಿದು ಹೋದರೆ ಬಂಡೆಯನ್ನು ಸೀಳಿ ಮಾಡಿದ ಓಣಿ. ಒಬ್ಬ ಉಕ್ಕಿನ ಸಲಾಕೆ ಹಿಡಿದು ತಿರುಗಿಸುವುದು, ಇನ್ನೊಬ್ಬ ಸುತ್ತಿಗೆಯಿಂದ ಬಡಿಯುವುದು, ತೂತಿಗೆ ಮದ್ದು ತುಂಬಿ ಸಿಡಿಸುವುದು, ಒಡೆದ ಕಲ್ಲನ್ನು ಬುಟ್ಟಿಯಲ್ಲಿ ಹೊರುವುದು. ಬೇಗ ಮುಗಿಸಲು ರಾತ್ರಿಯೂ ಕೆಲಸ. ಬಿದಿರಿನ ಬೆಂಕಿಯ ಬೆಳಕಿನಲ್ಲಿ ಎಲುಬು ಎದ್ದ ಮೈಗಳು ನರಕದ ಹಾಗೆ ಕಂಡವಂತೆ. ಅದಕ್ಕೇ ಆ ಹೆಸರು. ಬಂಡೆಯಲ್ಲಿ ಸಲಾಕೆಯ ಗುರುತು ಇನ್ನೂ ಇದೆ. ನಾನು ಬೆರಳಿಟ್ಟು ನೋಡಿದೆ. ಎರಡು ಗೆಣ್ಣು ಒಳಗೆ ಹೋಯಿತು.

ಕೆಲಸದ ಏಟಿಗಿಂತ ಹೆಚ್ಚು ಜನರನ್ನು ಕೊಂದದ್ದು ಹಸಿವು ಮತ್ತು ರೋಗ. 1943ರ ಮೇ ತಿಂಗಳಲ್ಲಿ ಮಳೆ ಹಿಡಿಯಿತು, ಜೊತೆಗೆ ಕಾಲರಾ. ಕೈದಿಗಳ ಜೊತೆ ಅವರದೇ ಸೈನ್ಯದ ವೈದ್ಯರಿದ್ದರು. ಆಸ್ಟ್ರೇಲಿಯಾದ ಸರ್ಜನ್ ಎಡ್ವರ್ಡ್ ಡನ್‌ಲಪ್ ಅವರ ಹೆಸರು ಅಲ್ಲಿ ಎಲ್ಲರ ಬಾಯಲ್ಲಿದೆ. ಔಷಧಿ ಇಲ್ಲದಿದ್ದರೂ ಅವರಿಗೆ ಒಂದು ವಿಷಯ ಗೊತ್ತಿತ್ತು: ಕುದಿಸದ ನೀರು ಕುಡಿಯಬಾರದು, ಅನ್ನದ ಪಾತ್ರೆಯನ್ನು ಕುದಿನೀರಲ್ಲಿ ಅದ್ದಬೇಕು. ಹೇಳಲು ಅಧಿಕಾರಿಗಳಿದ್ದರು, ಕೇಳಲು ಶಿಸ್ತಿತ್ತು. ಕೂಲಿಗಳ ಗುಡಿಸಲಲ್ಲಿ ಇದ್ಯಾವುದೂ ಇಲ್ಲ. ಹೆಂಡತಿ ಮಕ್ಕಳ ಜೊತೆ ಬಂದವರೂ ಇದ್ದರು. ಬಾಯಾರಿದವರು ಹರಿಯುವ ನೀರು ಕುಡಿದರು. ಕೈದಿಗಳಲ್ಲಿ ಐದರಲ್ಲೊಬ್ಬ ಸತ್ತರೆ, ಕೂಲಿಗಳಲ್ಲಿ ಎರಡು ಮೂರು ಜನಕ್ಕೊಬ್ಬ ಸತ್ತನೆಂಬ ಲೆಕ್ಕದ ಹಿಂದೆ ಇರುವುದು ಇದೇ. ದಾರಿ ಒಂದೇ, ಮಳೆ ಒಂದೇ. ಒಬ್ಬರ ಹಿಂದೆ ಒಂದು ಸೈನ್ಯವಿತ್ತು, ಒಂದು ದೇಶವಿತ್ತು. ಇನ್ನೊಬ್ಬರ ಹಿಂದೆ ಇದ್ದದ್ದು ತೋಟದ ಹಾಜರಿ ಪುಸ್ತಕ, ಅದೂ ಆ ಹೊತ್ತಿಗೆ ಮುಚ್ಚಿತ್ತು.

ಕಡೆಗೆ ಜಲಪಾತ, ಸಾಯ್ ಯೋಕ್ ನೋಯ್. ಜೋಗವನ್ನು ನೋಡಿದ ಕಣ್ಣಿಗೆ ಇದು ಪುಟ್ಟದು. ಸುಣ್ಣಕಲ್ಲಿನ ಬಂಡೆಯ ಮೇಲೆ ನೀರು ಜರಡಿ ಹಿಡಿದ ಹಾಗೆ ಇಳಿಯುತ್ತದೆ. ಥಾಯ್ ಕುಟುಂಬಗಳು ಚಾಪೆ ಹಾಸಿ, ಅನ್ನ ಮೀನು ಬಿಚ್ಚಿಕೊಂಡು ಕೂತಿದ್ದವು. ಮಕ್ಕಳು ನೀರಲ್ಲಿ ಕೂಗಾಡುತ್ತಿದ್ದವು. ಪಕ್ಕದಲ್ಲೇ ಹಳೆಯ ಹಳಿಯ ತುಂಡಿನ ಮೇಲೆ ಒಂದು ಉಗಿಬಂಡಿ ನಿಲ್ಲಿಸಿದ್ದಾರೆ. ಯುದ್ಧದ ಮೇಲೆ ಗಡಿಯ ಕಡೆಯ ಹಳಿಗಳನ್ನು ಕಿತ್ತರು. ಉಳಿದ ದಾರಿಯಲ್ಲಿ ಈಗಲೂ ಮಾಮೂಲಿ ಪ್ಯಾಸೆಂಜರ್ ಗಾಡಿ ಬರುತ್ತದೆ. ಕೊನೆಯ ನಿಲ್ದಾಣ ಇಲ್ಲೇ, ಹೆಸರು 'ನಾಮ್ ತೋಕ್'. ಅಂದರೆ ನೀರು ಬೀಳೋದು.

ಹೆಂಗಸರಿಬ್ಬರೂ ಸೀರೆ ಎತ್ತಿ ಕಟ್ಟಿ ನೀರಿಗಿಳಿದರು. ನಾನೂ ಪಂಚೆ ಮಡಚಿ ಕಾಲಿಟ್ಟೆ. ದಿನವಿಡೀ ಸಾವಿನ ಲೆಕ್ಕ ಕೇಳಿ ಈಗ ನೀರಾಟ ಆಡೋದು ಸರಿಯಾ ಅಂತ ಮುಜುಗರವಾಯಿತು. ಆದರೆ ನೀರು ತಣ್ಣಗೆ, ಚೆನ್ನಾಗಿತ್ತು. ಸಾರ್ ಕೂಡ ಬಂದು, ಖಾಲಿಯಾಗಿದ್ದ ಪ್ಲಾಸ್ಟಿಕ್ ಬಾಟಲಿಯನ್ನು ಧಾರೆಗೆ ಹಿಡಿದು ತುಂಬಿಸಿಕೊಂಡರು. ಕುಡಿಯೋದಕ್ಕೆ ಬೇಡ ಅಂತ ಅವರ ಹೆಂಡತಿ ಗದರಿದರು. "ಕುಡಿಯೋದಕ್ಕಲ್ಲ" ಅಂದರು.

ವಾಪಸು ಬರುವಾಗ ಕಾಂಚನಬುರಿಯಲ್ಲಿ ಹದಿನೈದು ನಿಮಿಷ ನಿಲ್ಲಿಸಿ ಅಂತ ಗೈಡನ್ನು ಕೇಳಿಕೊಂಡರು. ಪ್ಯಾಕೇಜಿನಲ್ಲಿ ಇಲ್ಲದ ಜಾಗ, ವಾಟ್ ಥಾವೋರ್ನ್ ವರಾರಾಮ್ ಅನ್ನುವ ಬೌದ್ಧ ಗುಡಿ. ಆಕೆ ಗಡಿಯಾರ ನೋಡಿ, ಉಳಿದ ಪ್ರವಾಸಿಗಳ ಮುಖ ನೋಡಿ, ಒಪ್ಪಿದಳು. ಅಲ್ಲಿ 2023ರಲ್ಲಿ ತಮಿಳು ಕೂಲಿಗಳ ನೆನಪಿಗೆ ಒಂದು ನಡುಕಲ್ಲು ನಿಲ್ಲಿಸಿದ್ದಾರೆ. ಎಂಬತ್ತು ವರ್ಷ ತಡವಾಗಿ. ತಮಿಳುನಾಡು ಸರ್ಕಾರವೂ ನೆರವು ಕೊಟ್ಟಿತು.

ನಡುಕಲ್ಲು ಅಂದರೆ ನಮ್ಮ ವೀರಗಲ್ಲೇ. ನಮ್ಮ ಹಿರಿಯರು ತುರು ಕಾಯ್ದು ಸತ್ತವನಿಗೆ, ಊರು ಉಳಿಸಲು ಸತ್ತವನಿಗೆ ಕಲ್ಲು ನಿಲ್ಲಿಸಿದರು. ಹಂದಿಯ ಜೊತೆ ಹೋರಾಡಿ ಸತ್ತ ನಾಯಿಗೂ ನಿಲ್ಲಿಸಿದರು. ಮಂಡ್ಯ ಜಿಲ್ಲೆಯ ಆತಕೂರಿನ ಆ ಕಲ್ಲು ಸುಮಾರು 950ರದು, ಈಗ ಬೆಂಗಳೂರಿನ ಮ್ಯೂಸಿಯಮ್ಮಿನ ಆಸ್ತಿ. ನಾಯಿಯ ಹೆಸರು ಕಾಳಿ ಎಂದು ಅದರಲ್ಲಿ ಬರೆದಿದೆ. ಸಾವಿರ ವರ್ಷದ ಹಿಂದಿನ ಒಂದು ನಾಯಿಯ ಹೆಸರು ನಮಗೆ ಗೊತ್ತು. ನಮ್ಮ ತಂದೆಯ ಕಾಲದಲ್ಲಿ ಸತ್ತ ಇಷ್ಟು ಸಾವಿರ ಮನುಷ್ಯರ ಹೆಸರು ಗೊತ್ತಿಲ್ಲ.

ಸಾರ್ ಚಪ್ಪಲಿ ಬಿಟ್ಟು ಕಲ್ಲಿನ ಬುಡದಲ್ಲಿ ಕೂತರು. ಎಳ್ಳಿಲ್ಲ, ದರ್ಭೆ ಇಲ್ಲ. ಜಲಪಾತದ ನೀರನ್ನು ಅಂಗೈಗೆ ಹಾಕಿಕೊಂಡು ಮೂರು ಸಲ ಬಿಟ್ಟರು. ನೀರು ಬಿಡುವಾಗ ಹೆಸರು ಹೇಳಬೇಕಲ್ಲ, ಹೇಳಿದರು. ಇಪ್ಪತ್ತು ವರ್ಷದಲ್ಲಿ ಆ ಹೆಸರನ್ನು ನಾನು ಕೇಳಿದ್ದು ಅವತ್ತೇ ಮೊದಲು.

ವ್ಯಾನಿನಲ್ಲಿ ಕತ್ತಲಾದ ಮೇಲೆ ಅವರು ಕೇಳಿದರು: "ನಿಮ್ಮೂರಲ್ಲೂ ಈ ಥರ ಕಲ್ಲಿದೆ ಅಂತೀರಲ್ಲ ಸಾರ್, ಅದರ ಮೇಲೆ ಏನು ಬರೆದಿದೆ?"

ನನಗೆ ಉತ್ತರ ಗೊತ್ತಿರಲಿಲ್ಲ. ನಮ್ಮೂರ ಕೆರೆ ಏರಿಯ ಹುಣಸೆಮರದಡಿಯ ಆ ಕಲ್ಲಿಗೆ ಬೆನ್ನು ಕೊಟ್ಟು ಕೂತು ಎಷ್ಟು ಹುಣಸೆಹಣ್ಣು ತಿಂದಿದ್ದೇನೋ, ಒಂದು ದಿನವೂ ತಿರುಗಿ ನೋಡಿರಲಿಲ್ಲ. ಮುಂದಿನ ಸಲ ಊರಿಗೆ ಹೋದಾಗ ಒಂದು ಕೊಡ ನೀರು, ತೆಂಗಿನ ನಾರು ಹಿಡಿದುಕೊಂಡು ಹೋಗಿ ಪಾಚಿ ಉಜ್ಜಿದೆ. ಬಿಲ್ಲು ಹಿಡಿದವನೊಬ್ಬ, ಅವನ ಹಿಂದೆ ಎರಡು ಹಸು, ಮೇಲಿನ ಪಟ್ಟಿಯಲ್ಲಿ ಅವನನ್ನು ಎತ್ತಿಕೊಂಡು ಹೋಗುವ ಅಪ್ಸರೆಯರು. ಅಕ್ಷರವಿರಬೇಕಾದ ಜಾಗ ಸವೆದು ನುಣ್ಣಗಾಗಿತ್ತು. ಕೊಡದಲ್ಲಿ ಉಳಿದ ನೀರನ್ನು ಅಲ್ಲೇ ಸುರಿದು ಬಂದೆ.