ಹೂಲಿಯ ಆಕಾಶ ಮತ್ತು ಮಳೆಯ ಮುನ್ಸೂಚನೆ

ಸವದತ್ತಿ ತಾಲ್ಲೂಕಿನ ಹೂಲಿ ಎಂದೊಡನೆ ಇತಿಹಾಸಾಸಕ್ತರಿಗೆ ಪಂಚಲಿಂಗೇಶ್ವರ ದೇವಾಲಯ ನೆನಪಾಗುತ್ತದೆ. ಗುಡಿಗಳ ಮಾತು ಇನ್ನೊಮ್ಮೆ ಆಡೋಣ. ಅಲ್ಲಿಯ ಎರೆಹೊಲಗಳ ಮೇಲಿನ ಆಕಾಶಕ್ಕೂ ಒಂದು ಇತಿಹಾಸವುಂಟು.

ಪಶ್ಚಿಮಕ್ಕೆ ಕಿತ್ತೂರಿನ ಕಡೆ ಮಳೆ ಹೆಚ್ಚು. ಬೈಲಹೊಂಗಲ ದಾಟಿ ಪೂರ್ವಕ್ಕೆ ಬಂದಂತೆ ಅದು ಕ್ಷೀಣಿಸುತ್ತದೆ. ರಾಮದುರ್ಗ ಬರಸೀಮೆಯೇ ಸರಿ. ಬೇಸಿಗೆಯಲ್ಲಿ ಅರಬ್ಬೀ ಸಮುದ್ರದ ತೇವದ ಗಾಳಿ ಬಯಲುಸೀಮೆಯ ಕಾದ ಒಣಹವೆಯನ್ನು ಸಂಧಿಸಿದಾಗ, ಮಧ್ಯಾಹ್ನದ ಮೇಲೆ ಗುಡುಗು ಸಿಡಿಲಿನ ಮೋಡಗಳು ಏಳುತ್ತವೆ. ಗಂಟೆಯೊಳಗೆ ಉರಿಬಿಸಿಲಿನ ಸೆಕೆ ಕಳೆದು ಮೈ ನಡುಗುವ ತಂಪು ಬರುವುದುಂಟು.

ಹಿರಿಯರು ಮಳೆಯನ್ನು ನಕ್ಷತ್ರಗಳಿಂದ ಗುರುತಿಸಿದರು. ಸೂರ್ಯನು ಒಂದೊಂದು ನಕ್ಷತ್ರದಲ್ಲಿ 13-14 ದಿನ ಇರುವನೆಂಬುದು ಲೆಕ್ಕ. ಆದರೆ ಇದು ಕಾಲಗಣನೆಯೇ ಹೊರತು ಮುನ್ಸೂಚನೆಯಲ್ಲ. ಹೀಗೆಂದರೆ ಕೆಲವರಿಗೆ ಸಿಟ್ಟು ಬಂದೀತು! ರೋಹಿಣಿ ಎಂದು ಹೂಡುವುದೆಂಬುದನ್ನು ಪಂಚಾಂಗ ತಿಳಿಸುತ್ತದೆ. ಈ ವರ್ಷದ ರೋಹಿಣಿ ಸುರಿಯುವುದೋ ಇಲ್ಲವೋ ಎಂಬುದಕ್ಕೆ ಅದರಲ್ಲಿ ಆಧಾರವಿಲ್ಲ.

ಈ ಕೊರತೆಯ ಬೆಲೆ 1876-78ರ ಮಹಾಕ್ಷಾಮದಲ್ಲಿ ತಿಳಿಯಿತು. ಮುಂಬಯಿ ಪ್ರಾಂತದ ಬೆಳಗಾವಿ, ಧಾರವಾಡ, ಕಲಾದಗಿ ಜಿಲ್ಲೆಗಳು ಅದರಲ್ಲಿ ಬೆಂದುಹೋದವು. ಭಾರತ ಹವಾಮಾನ ಇಲಾಖೆ ಹುಟ್ಟಿದ್ದು ಅದಕ್ಕೆ ಒಂದೇ ವರ್ಷ ಮೊದಲು, 1875ರಲ್ಲಿ. ಅದರ ಮುಖ್ಯಸ್ಥ ಹೆನ್ರಿ ಬ್ಲಾನ್‌ಫೋರ್ಡ್ ಹಿಮಾಲಯದ ಹಿಮಕ್ಕೂ ಮುಂಗಾರಿಗೂ ಸಂಬಂಧ ಕಂಡು, 1886ರಿಂದ ಮುಂಗಾರಿನ ಮುನ್ಸೂಚನೆಯನ್ನು ಪ್ರತಿವರ್ಷ ಹೊರಡಿಸತೊಡಗಿದನು. 1904ರಲ್ಲಿ ಬಂದ ಗಿಲ್ಬರ್ಟ್ ವಾಕರ್ ದೂರದ ಸಾಗರಗಳ ವಾಯುಭಾರವನ್ನೂ ಲೆಕ್ಕಕ್ಕೆ ತಂದನು.

1950ರಲ್ಲಿ ಧಾರವಾಡ ಆಕಾಶವಾಣಿ ಆರಂಭವಾಯಿತು. "ಒಂದೆರಡು ಕಡೆ ಗುಡುಗು ಸಹಿತ ಮಳೆ" ಎಂಬ ರೇಡಿಯೋ ಮಾತನ್ನು ಗೇಲಿ ಮಾಡದವರಾರು? ವಾಸ್ತವವಾಗಿ ಅದಕ್ಕೆ ಖಚಿತವಾದ ಅಳತೆಯಿದೆ: ಆ ಪ್ರದೇಶದ ಮಳೆಮಾಪನ ಕೇಂದ್ರಗಳಲ್ಲಿ ಶೇಕಡಾ 25ರವರೆಗೆ ಮಾತ್ರ ಮಳೆಯಾದೀತು ಎಂದರ್ಥ. ಹೂಲಿ ಆ ಕಾಲುಭಾಗದಲ್ಲಿ ಸೇರಿದೆಯೇ ಎಂಬುದೇ ಬಿತ್ತುವವನ ಪ್ರಶ್ನೆಯಾಗಿತ್ತು.

ತನ್ನ ಊರಿನ ಆಕಾಶವನ್ನಷ್ಟೇ ನೋಡಿದರೂ ಸಾಲದು. 2019ರ ಆಗಸ್ಟಿನಲ್ಲಿ ಮಲಪ್ರಭೆಯ ಮೇಲ್ಭಾಗದಲ್ಲಿ ಸುರಿದ ಮಳೆಯಿಂದ ನವಿಲುತೀರ್ಥ ಜಲಾಶಯ ತುಂಬಿ, ಬರಸೀಮೆಯ ರಾಮದುರ್ಗ ನೀರಿನಲ್ಲಿ ನಿಂತಿತು.

ಸಿಡಿಲಿನದು ಇನ್ನೂ ಅವಸರದ ಲೆಕ್ಕ. ಪುಣೆಯ ಉಷ್ಣವಲಯ ಪವನಶಾಸ್ತ್ರ ಸಂಸ್ಥೆಯ 'ದಾಮಿನಿ' ಮೊಬೈಲಿಗೆ ಬಂದಿದೆ. ಸುತ್ತಲಿನ 20-40 ಕಿಲೋಮೀಟರ್ ಪ್ರದೇಶದ ಸಿಡಿಲಿನ ಎಚ್ಚರಿಕೆಯನ್ನು ಅದು ನೀಡುತ್ತದೆ. ಮೊಬೈಲಿಲ್ಲದೆ ಕುರಿ ಮೇಯಿಸುವವನಿಗೆ ಮಾತ್ರ, ಗುಡುಗು ಕೇಳಿದೊಡನೆ ಒಂಟಿ ಮರವನ್ನು ಬಿಟ್ಟು ಗಟ್ಟಿಯಾದ ಕಟ್ಟಡವನ್ನು ಸೇರೆಂದು ಊರಿನವರೇ ಹೇಳಬೇಕು.