ರೂಪದಿಂದ ಬಂದ ಹೆಸರುಗಳು

ನಮ್ಮ ಮನೆಗಳ ಮಾಡಿನ ಮೇಲೆ ಕುಳಿತು ಕೂಗುವ ಕಾಗೆಗೆ ಪ್ರಾಣಿಶಾಸ್ತ್ರದಲ್ಲಿ ಕೊರ್ವಸ್ ಸ್ಪ್ಲೆಂಡೆನ್ಸ್ ಎಂದು ಹೆಸರು. ಲ್ಯಾಟಿನ್ ಭಾಷೆಯಲ್ಲಿ ಸ್ಪ್ಲೆಂಡೆನ್ಸ್ ಎಂದರೆ ಹೊಳೆಯುವುದು, ಕಾಂತಿಯುಳ್ಳದ್ದು. ನಾವು ಕರಿದೆಂದು ಹಳಿಯುವ ಹಕ್ಕಿಗೆ ಫ್ರಾನ್ಸಿನ ವಿಯೇಯೋ ಎಂಬ ಪಂಡಿತನು 1817ರಲ್ಲಿ ಈ ಹೆಸರನ್ನಿಟ್ಟನು. ಶಾಸ್ತ್ರೀಯನಾಮಗಳ ಎರಡನೆಯ ಪದದಲ್ಲಿ ಹೀಗೆ ರೂಪವನ್ನು ಹೇಳುವ ಮಾತುಗಳು ಹೇರಳವಾಗಿವೆ. ಆಲ್ಬಸ್ ಎಂದರೆ ಬಿಳಿದು. ನಿಗರ್ ಎಂದರೆ ಕರಿದು. ಮಾಕುಲಾಟಸ್ ಎಂದರೆ ಚುಕ್ಕೆಗಳುಳ್ಳದ್ದು. ಕ್ರಿಸ್ಟಾಟಸ್ ಎಂದರೆ ಜುಟ್ಟುಳ್ಳದ್ದು. ನಮ್ಮ ನವಿಲು ಪಾವೋ ಕ್ರಿಸ್ಟಾಟಸ್, ಅಂದರೆ ಜುಟ್ಟಿನ ನವಿಲು. ಸಂಸ್ಕೃತದಲ್ಲಿರುವಂತೆಯೇ ಇಲ್ಲಿಯೂ ವಿಶೇಷಣವು ವಿಶೇಷ್ಯದ ಲಿಂಗವನ್ನು ಅನುಸರಿಸಬೇಕು. ಆದುದರಿಂದ ಕರಿಯ ಕೊಕ್ಕರೆಯು ನಿಗರ್ ಎನಿಸದೆ ಸಿಕೋನಿಯ ನಿಗ್ರ ಎನಿಸಿಕೊಂಡಿದೆ.

ಈ ಪದ್ಧತಿಯನ್ನು ನೆಲೆಗೊಳಿಸಿದವನು ಸ್ವೀಡನ್ ದೇಶದ ಲಿನೇಯಸ್. ಅವನಿಗೆ ಮೊದಲು ಪ್ರಾಣಿಯ ಹೆಸರೇ ಅದರ ವರ್ಣನೆಯೂ ಆಗಿರುತ್ತಿದ್ದಿತು. ಬಣ್ಣ, ಬಾಲ, ಕೊಂಬುಗಳನ್ನು ಹೇಳುವ ಹಲವು ಪದಗಳ ಸಾಲನ್ನೇ ಹೆಸರೆಂದು ಬರೆಯುತ್ತಿದ್ದರು. ಅದನ್ನು ಹೋಲುವ ಬೇರೊಂದು ಪ್ರಾಣಿಯು ದೊರೆತೊಡನೆ, ವ್ಯತ್ಯಾಸವನ್ನು ತೋರಿಸಲು ಇನ್ನಷ್ಟು ಪದಗಳನ್ನು ಸೇರಿಸಬೇಕಾಗುತ್ತಿದ್ದಿತು. 1758ರಲ್ಲಿ ಪ್ರಕಟವಾದ ‘ಸಿಸ್ಟಮಾ ನಾಚುರೇ’ ಗ್ರಂಥದ ಹತ್ತನೆಯ ಆವೃತ್ತಿಯಲ್ಲಿ ಲಿನೇಯಸನು ಪ್ರಾಣಿಗಳಿಗೆ ಎರಡೆರಡೇ ಪದಗಳ ಹೆಸರನ್ನಿಟ್ಟು, ವರ್ಣನೆಯನ್ನು ಬೇರೆಯಾಗಿ ಬರೆದನು. ನಮ್ಮ ವ್ಯಾಕರಣದ ಮಾತಿನಲ್ಲಿ ಹೇಳುವುದಾದರೆ, ಅನ್ವರ್ಥನಾಮವು ಅಂಕಿತನಾಮವಾಯಿತು. ಕರಿಯಪ್ಪನೆಂಬವನು ಬೆಳ್ಳಗಿದ್ದರೂ ಕರೆದರೆ ಓಗೊಡುವನಷ್ಟೆ!

ಹೆಸರಿಗೆ ವರ್ಣನೆಯ ಹೊಣೆ ತಪ್ಪಿದ ಮೇಲೆ ಮೊದಲ ನೋಟದ ಭ್ರಾಂತಿಗಳೂ ಅದರಲ್ಲಿಯೇ ಉಳಿದುಕೊಂಡವು. ಹಂಪೆಯ ಸಮೀಪದ ದರೋಜಿಯ ಬಂಡೆಗಳಲ್ಲಿ ವಾಸಿಸುವ ನಮ್ಮ ಕರಡಿಯನ್ನೇ ನೋಡಬಹುದು. 1791ರಲ್ಲಿ ಇಂಗ್ಲೆಂಡಿನ ಜಾರ್ಜ್ ಷಾ ಎಂಬುವನು ಅದರ ನೀಳವಾದ ಉಗುರುಗಳಿಂದ ಮೋಸಹೋಗಿ, ದಕ್ಷಿಣ ಅಮೆರಿಕದ ಮರಗಳಲ್ಲಿ ತಲೆಕೆಳಗಾಗಿ ನೇತಾಡುವ ಸ್ಲಾತ್ ಎಂಬ ಪ್ರಾಣಿಯ ಜಾತಿಗೆ ಅದನ್ನು ಸೇರಿಸಿ, ‘ಉರ್ಸಿನಸ್’ ಎಂದರೆ ಕರಡಿಯಂತಹುದು ಎಂದು ಕರೆದನು. ತಪ್ಪು ತಿಳಿದ ಮೇಲೆ ಮೊದಲನೆಯ ಪದವು ಬದಲಾಯಿತು, ಎರಡನೆಯದು ಉಳಿಯಿತು. ಇಂದು ಅದರ ಹೆಸರು ಮೆಲುರ್ಸಸ್ ಉರ್ಸಿನಸ್, ಅಂದರೆ ಕರಡಿಯಂತಹ ಜೇನುಕರಡಿ!

ಆನೆಯ ಕಥೆಯು ಇನ್ನೂ ಸ್ವಾರಸ್ಯವಾದುದು. ಲಿನೇಯಸನು ಅದನ್ನು ಎಲಿಫಾಸ್ ಮಾಕ್ಸಿಮಸ್, ಎಂದರೆ ಎಲ್ಲಕ್ಕಿಂತ ದೊಡ್ಡದು, ಎಂದನು. 1797ರಲ್ಲಿ ಜರ್ಮನಿಯ ಬ್ಲೂಮೆನ್‌ಬಾಖನು ಆಫ್ರಿಕದ ಆನೆಯನ್ನು ಬೇರೊಂದು ಜಾತಿಯೆಂದು ಹೆಸರಿಸಿದನು. ಆಫ್ರಿಕದ ಬಯಲಿನ ಆನೆಯೇ ಗಾತ್ರದಲ್ಲಿ ಹೆಚ್ಚಿನದು. ಆದರೂ ‘ಮಾಕ್ಸಿಮಸ್’ ಎಂಬ ಬಿರುದು ನಮ್ಮ ಏಷ್ಯದ ಆನೆಗೇ ಉಳಿದಿದೆ. ಅಷ್ಟೇ ಅಲ್ಲ. ಲಿನೇಯಸನು ಕಂಡಿದ್ದ ಆನೆಯ ಭ್ರೂಣವೊಂದು ಸ್ಟಾಕ್‌ಹೋಮಿನಲ್ಲಿ ರಕ್ಷಿತವಾಗಿದೆ. ಅದು ಆಫ್ರಿಕದ ಆನೆಯದೆಂದು 2013ರಲ್ಲಿ ವಿಜ್ಞಾನಿಗಳು ಸಿದ್ಧಪಡಿಸಿದರು. ಆಗ ಅವರು ಹೆಸರನ್ನು ಕದಲಿಸಲಿಲ್ಲ. ಫ್ಲಾರೆನ್ಸಿನಲ್ಲಿರುವ ಏಷ್ಯದ ಆನೆಯ ಅಸ್ಥಿಪಂಜರವೊಂದನ್ನು ಆ ಹೆಸರಿಗೆ ಆಧಾರವೆಂದು ಗೊತ್ತುಮಾಡಿದರು.

ಸತ್ಯವನ್ನರಸುವ ಶಾಸ್ತ್ರವು ಸುಳ್ಳಾಡುವ ಹೆಸರನ್ನು ಏಕೆ ಸಹಿಸಬೇಕೆಂದು ಕೇಳಬಹುದು. ಅರ್ಥವು ಹೊಂದಲಿಲ್ಲವೆಂಬ ಕಾರಣದಿಂದ ಹೆಸರನ್ನು ತಳ್ಳಿಹಾಕಲಾಗದೆಂದು ಪ್ರಾಣಿನಾಮಗಳ ಅಂತರರಾಷ್ಟ್ರೀಯ ಸಂಹಿತೆಯೇ ವಿಧಿಸಿದೆ. ಅದು ನ್ಯಾಯವೆಂದೇ ನಮಗೆ ತೋರುತ್ತದೆ. ತಿಳಿವಳಿಕೆಯು ತಿದ್ದಿದಾಗಲೆಲ್ಲ ಹೆಸರನ್ನೂ ತಿದ್ದುತ್ತ ಹೋದರೆ, ಹಿಂದಿನವರು ಯಾವ ಪ್ರಾಣಿಯನ್ನು ಕುರಿತು ಬರೆದರೆಂಬುದೇ ಮುಂದಿನವರಿಗೆ ಅರಿಯದಾಗುವುದು. ಎರಡೂವರೆ ಶತಮಾನಗಳ ಗ್ರಂಥಗಳೆಲ್ಲ ಮೂಕವಾಗುವುವು. ಆದರೆ ಹೆಸರನ್ನು ಹೀಗೆ ಕಾಪಾಡುವವರು ಒಂದು ಎಚ್ಚರವನ್ನು ಬಿಡಕೂಡದು. ‘ಮಾಕ್ಸಿಮಸ್’ ಎಂಬುದನ್ನು ಓದಿದ ಮಾತ್ರಕ್ಕೆ ಆನೆಯನ್ನು ಅಳೆದಂತಾಗುವುದಿಲ್ಲ. ಹೆಸರು ಪ್ರಾಣಿಯನ್ನು ತೋರಿಸುವ ಬೆರಳು, ನೋಡಬೇಕಾದದ್ದು ಪ್ರಾಣಿಯನ್ನು.